ಯುದ್ಧವಿಮಾನದಿಂದ ಚಂದ್ರನವರೆಗೆ

ಕಲಾ ವಿಭಾಗದ ವಿದ್ಯಾರ್ಥಿಗಳಿಗೆ ವಿಮಾನ, ರಾಕೆಟ್ಟು, ಉಪಗ್ರಹಗಳ ಗೊಡವೆ ಏಕೆ ಎಂದು ಕೇಳುವವರುಂಟು. ಚರಿತ್ರೆಯನ್ನು ಓದುವ ನಾವು ಪಾಣಿಪತ್ತಿನ ಯುದ್ಧಗಳ ಇಸವಿಗಳನ್ನು ತಪ್ಪದೆ ಒಪ್ಪಿಸುತ್ತೇವೆ. ರಾಜರುಗಳ ವಂಶವೃಕ್ಷಗಳನ್ನು ಬರೆಯುತ್ತೇವೆ. ಆದರೆ ನಮ್ಮ ತಲೆಯ ಮೇಲಿರುವ ಆಕಾಶಕ್ಕೂ ಒಂದು ಚರಿತ್ರೆಯಿದೆ. ಅದರ ಕೆಲವು ಮುಖ್ಯ ಅಧ್ಯಾಯಗಳು ನಡೆದುದು ನಮ್ಮ ಕನ್ನಡ ನಾಡಿನಲ್ಲಿಯೇ. ಆ ಚರಿತ್ರೆಯಲ್ಲಿ ಎರಡು ಪ್ರಶ್ನೆಗಳು ಅಡಗಿವೆ. ಮೊದಲನೆಯದು: ಯುದ್ಧಕ್ಕಾಗಿ ಹುಟ್ಟಿದ ವಿದ್ಯೆಯೊಂದು ಜನರ ಹೊಟ್ಟೆಬಟ್ಟೆಯ ಕೆಲಸಕ್ಕೆ ಬರುವುದು ಹೇಗೆ? ಎರಡನೆಯದು: ಒಂದು ವಿದ್ಯೆ ಒಂದು ನಾಡಿನಲ್ಲಿ ಬೇರೂರುವುದು ಯಾವಾಗ, ಕೈಬಿಟ್ಟು ಹೋಗುವುದು ಯಾವಾಗ? ಇವು ವಿಜ್ಞಾನ ವಿಭಾಗದವರಿಗೆ ಮಾತ್ರ ಮೀಸಲಾದ ಪ್ರಶ್ನೆಗಳಲ್ಲ. ಆದುದರಿಂದ ಈ ಲೇಖನದ ಸಾಹಸ.

ಕಥೆಯನ್ನು ನಮ್ಮ ಊರಿನ ಹತ್ತಿರದಿಂದಲೇ ಆರಂಭಿಸಬಹುದು. ಬೋಳೂರಿನ ಸುಲ್ತಾನ್ ಬತ್ತೇರಿಯನ್ನು ನೋಡದ ಮಂಗಳೂರಿಗರಿಲ್ಲ. ಗುರುಪುರ ನದಿಯ ಮೇಲೆ ಕಣ್ಣಿಡುವುದಕ್ಕಾಗಿ ಟಿಪ್ಪು ಸುಲ್ತಾನನು ಅದನ್ನು ಕಟ್ಟಿಸಿದನು. ಎರಡನೆಯ ಮೈಸೂರು ಯುದ್ಧವನ್ನು ಮುಗಿಸಿದ 1784ರ ಒಪ್ಪಂದಕ್ಕೆ ನಮ್ಮ ಊರಿನ ಹೆಸರೇ ಇದೆ. ಆ ಯುದ್ಧದಲ್ಲಿ ಇಂಗ್ಲಿಷರನ್ನು ಬೆಚ್ಚಿಬೀಳಿಸಿದ ಆಯುಧಗಳಲ್ಲಿ ಮೈಸೂರಿನ ರಾಕೆಟ್ಟು ಒಂದು. ಬಾಣಬಿರುಸುಗಳು ಲೋಕಕ್ಕೆ ಹೊಸತಾಗಿರಲಿಲ್ಲ. ಚೀನಾ ದೇಶದವರು ಶತಮಾನಗಳ ಹಿಂದೆಯೇ ಅವನ್ನು ಬಲ್ಲವರಾಗಿದ್ದರು. ಆದರೆ ಬೇರೆಡೆಗಳಲ್ಲಿ ಮದ್ದನ್ನು ಕಾಗದದ ಇಲ್ಲವೆ ಬಿದಿರಿನ ಕೊಳವೆಯಲ್ಲಿ ತುಂಬುತ್ತಿದ್ದರೆ, ಮೈಸೂರಿನ ಕಮ್ಮಾರರು ಕಬ್ಬಿಣದ ಕೊಳವೆಯಲ್ಲಿ ತುಂಬಿದರು. ವ್ಯತ್ಯಾಸವು ಸಣ್ಣದೆಂದು ತೋರಬಹುದು. ಆದರೆ ಉರಿಯುವ ಮದ್ದಿನ ಅನಿಲವು ಎಷ್ಟು ಒತ್ತಡದಿಂದ ಹಿಂದಕ್ಕೆ ನುಗ್ಗುವುದೋ ಅಷ್ಟು ಬಲದಿಂದ ರಾಕೆಟ್ಟು ಮುಂದಕ್ಕೆ ಚಿಮ್ಮುತ್ತದೆ. ಹೆಚ್ಚು ಒತ್ತಡವಾದರೆ ಕಾಗದದ ಕೊಳವೆ ಒಡೆದು ಹೋಗುತ್ತದೆ; ಕಬ್ಬಿಣವು ತಡೆಯುತ್ತದೆ. ಹೀಗಾಗಿ ಮೈಸೂರಿನ ರಾಕೆಟ್ಟುಗಳು ಎರಡು ಕಿಲೋಮೀಟರಿನಷ್ಟು ದೂರ ಹಾರುತ್ತಿದ್ದುವು. 1780ರಲ್ಲಿ ಪೊಳ್ಳಿಲೂರಿನಲ್ಲಿ ಕರ್ನಲ್ ಬೈಲಿಯ ಸೈನ್ಯದ ಮದ್ದಿನ ಬಂಡಿಗಳಿಗೆ ಬೆಂಕಿ ಬಿದ್ದು ಆ ಸೈನ್ಯವು ನುಚ್ಚುನೂರಾದ ಕಥೆ ಪ್ರಸಿದ್ಧವಾಗಿದೆ. ನಮ್ಮ ನೆರೆಯ ಶಿವಮೊಗ್ಗ ಜಿಲ್ಲೆಯ ನಗರದಲ್ಲಿ 2018ರಲ್ಲಿ ಪಾಳುಬಾವಿಯೊಂದರ ಹೂಳನ್ನು ಎತ್ತಿದಾಗ ಈ ಕಾಲದ ಸುಮಾರು ಒಂದು ಸಾವಿರ ರಾಕೆಟ್ಟುಗಳು ಹೊರಬಂದುವು!

ಆದರೆ ಮುಂದೇನಾಯಿತು? 1799ರಲ್ಲಿ ಶ್ರೀರಂಗಪಟ್ಟಣ ಬಿದ್ದಿತು. ಅಲ್ಲಿ ದೊರಕಿದ ರಾಕೆಟ್ಟುಗಳು ಇಂಗ್ಲೆಂಡಿನ ವೂಲಿಚ್ ಆಯುಧಾಗಾರವನ್ನು ಸೇರಿದುವು. ವಿಲಿಯಂ ಕಾಂಗ್ರೀವ್ ಎಂಬಾತನು ಅವುಗಳನ್ನು ಬಿಚ್ಚಿ, ಅಳೆದು, ತೂಗಿ, ಪರೀಕ್ಷಿಸಿ, ತನ್ನದೇ ಆದ ರಾಕೆಟ್ಟನ್ನು ತಯಾರಿಸಿದನು. ಕೆಲವೇ ವರ್ಷಗಳಲ್ಲಿ ಅದು ನೆಪೋಲಿಯನ್ನನ ವಿರುದ್ಧದ ಯುದ್ಧಗಳಲ್ಲಿ ಉಪಯೋಗಕ್ಕೆ ಬಂದಿತು. ಇಲ್ಲಿ ಕಮ್ಮಾರನ ಕೈಯಲ್ಲಿದ್ದ ವಿದ್ಯೆ ಅವನ ಆಶ್ರಯದಾತನು ಅಳಿದ ಕೂಡಲೆ ಕೆಟ್ಟುಹೋಯಿತು. ಅಲ್ಲಿ ಅದು ಪುಸ್ತಕವಾಗಿ, ಲೆಕ್ಕವಾಗಿ ಬೆಳೆಯಿತು. ಡಾ. ಎ. ಪಿ. ಜೆ. ಅಬ್ದುಲ್ ಕಲಾಂ ಅವರು 1963ರಲ್ಲಿ ಅಮೆರಿಕದ ವಾಲಪ್ಸ್ ದ್ವೀಪದ ಕೇಂದ್ರಕ್ಕೆ ಹೋದಾಗ ಅಲ್ಲಿಯ ಗೋಡೆಯ ಮೇಲೆ ಟಿಪ್ಪುವಿನ ಸೈನ್ಯವು ರಾಕೆಟ್ಟು ಹಾರಿಸುತ್ತಿರುವ ಚಿತ್ರವನ್ನು ಕಂಡುದಾಗಿ ತಮ್ಮ ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾರೆ. ನಾವು ಮರೆತುದನ್ನು ಪರದೇಶದವರು ಗೋಡೆಯ ಮೇಲೆ ಬರೆಸಿಟ್ಟಿದ್ದರು. ಕೈಚಳಕ ಒಂದಿದ್ದರೆ ಸಾಲದು, ಅದನ್ನು ಕಲಿಸುವ ಮತ್ತು ಮುಂದುವರಿಸುವ ಶಾಲೆಯೂ ಬೇಕು ಎಂಬ ಪಾಠವನ್ನು ಮುಂದಿನ ಪ್ರತಿಯೊಂದು ಅಧ್ಯಾಯದಲ್ಲಿಯೂ ನಾವು ಕಾಣಬಹುದು.

ಎರಡನೆಯ ಅಧ್ಯಾಯವು ಆರಂಭವಾಗುವುದು ಎರಡನೆಯ ಮಹಾಯುದ್ಧದ ಹೊಗೆಯಲ್ಲಿ. ಉದ್ಯಮಪತಿ ವಾಲ್‌ಚಂದ್ ಹೀರಾಚಂದರಿಗೆ ಭಾರತದಲ್ಲಿ ವಿಮಾನದ ಕಾರ್ಖಾನೆ ಕಟ್ಟುವ ಹಂಬಲವಿತ್ತು. ಚೀನಾದಲ್ಲಿ ವಿಮಾನದ ಕಾರ್ಖಾನೆ ನಡೆಸುತ್ತಿದ್ದ ಅಮೆರಿಕದ ವಿಲಿಯಂ ಪಾಲಿ ಅವರಿಗೆ ಜೊತೆಯಾದನು. ಮೈಸೂರು ಸಂಸ್ಥಾನವೂ, ಅದರ ದಿವಾನರಾದ ಸರ್ ಮಿರ್ಜಾ ಇಸ್ಮಾಯಿಲರೂ ಮುಂದೆ ಬಂದು ಸಹಾಯ ನೀಡಿದರು. 1940ರ ಡಿಸೆಂಬರ್ 23ರಂದು ಬೆಂಗಳೂರಿನಲ್ಲಿ ಹಿಂದುಸ್ತಾನ್ ಏರ್‌ಕ್ರಾಫ್ಟ್ ಕಂಪೆನಿ ಸ್ಥಾಪನೆಯಾಯಿತು. 1941ರ ಆಗಸ್ಟಿನಲ್ಲಿಯೇ ಅಲ್ಲಿ ಜೋಡಿಸಿದ ಹಾರ್ಲೋ ಎಂಬ ತರಬೇತಿ ವಿಮಾನವು ಹಾರಿತು. ಯುದ್ಧವು ಬಿರುಸಾದಂತೆ ಕಾರ್ಖಾನೆಯು ಸರ್ಕಾರದ ವಶವಾಗಿ, 1943ರಲ್ಲಿ ಅಮೆರಿಕದ ವಾಯುಸೇನೆಯ ಆಡಳಿತಕ್ಕೆ ಬಂದಿತು. ಪೂರ್ವರಂಗದ ಯುದ್ಧದಲ್ಲಿ ಪೆಟ್ಟು ತಿಂದ ವಿಮಾನಗಳು ರಿಪೇರಿಗಾಗಿ ಇಲ್ಲಿಗೆ ಬರುತ್ತಿದ್ದುವು. ಅದುವರೆಗೆ ವಿಮಾನವನ್ನು ಹತ್ತಿರದಿಂದ ನೋಡದಿದ್ದ ನಮ್ಮ ಕೆಲಸಗಾರರು ಅವುಗಳ ಒಂದೊಂದು ಮೊಳೆಯನ್ನೂ ಬಿಚ್ಚಿ ಜೋಡಿಸುವುದನ್ನು ಕಲಿತರು. 1942ರಲ್ಲಿಯೇ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ವಿಮಾನಶಾಸ್ತ್ರದ ವಿಭಾಗವು ತೆರೆಯಲ್ಪಟ್ಟಿತ್ತು. ಕಾರ್ಖಾನೆಯ ಪಕ್ಕದಲ್ಲಿ ಶಾಲೆಯೂ ನಿಂತುದು ಈ ಬಾರಿಯ ವಿಶೇಷ.

ಆ ಕಲಿಕೆಯ ಫಲವು ಯುದ್ಧ ಮುಗಿದ ಮೇಲೆ ಗೊತ್ತಾಯಿತು. ಅಮೆರಿಕದವರು ಹಿಂದಿರುಗುವಾಗ ಲಿಬರೇಟರ್ ಎಂಬ ದೊಡ್ಡ ಬಾಂಬರ್ ವಿಮಾನಗಳನ್ನು ಕಾನ್ಪುರದಲ್ಲಿ ಬಿಟ್ಟುಹೋಗಿದ್ದರು. ಮತ್ತೆ ಯಾರೂ ಹಾರಿಸಬಾರದೆಂದು ಅವುಗಳನ್ನು ಬೇಕೆಂದೇ ಹಾಳುಗೆಡವಲಾಗಿತ್ತು. ಬೆಂಗಳೂರಿನ ಕಾರ್ಖಾನೆಯವರು ಆ ಗುಜರಿಯ ರಾಶಿಯಿಂದ ಆರಿಸಿ, ಹಾರುವಷ್ಟು ಮಟ್ಟಿಗೆ ಅಲ್ಲಿಯೇ ಸರಿಪಡಿಸಿ, ಒಂದೊಂದನ್ನಾಗಿ ಬೆಂಗಳೂರಿಗೆ ಹಾರಿಸಿಕೊಂಡು ಬಂದರು. ಹೀಗೆ ನಲ್ವತ್ತರಷ್ಟು ವಿಮಾನಗಳು ಜೀವ ತಳೆದುವು. 1948ರಿಂದ ನಮ್ಮ ವಾಯುಸೇನೆಯಲ್ಲಿ ಸೇವೆಗೆ ನಿಂತು, 1968ರವರೆಗೂ ಹಾರಿದುವು. ಸತ್ತುದೆಂದು ಬಿಸುಟ ವಸ್ತುವಿಗೆ ಇಪ್ಪತ್ತು ವರ್ಷಗಳ ಆಯುಸ್ಸು! ಯುದ್ಧದಲ್ಲಿ ಸೈನಿಕರನ್ನು ಸಾಗಿಸಿದ ಡಕೋಟಾ ವಿಮಾನಗಳು ಕೂಡ ಇಲ್ಲಿ ವೇಷ ಬದಲಾಯಿಸಿ ಪ್ರಯಾಣಿಕರ ವಿಮಾನಗಳಾದುವು. 1951ರ ಡಿಸೆಂಬರ್ 25ರಂದು ನಮ್ಮ ಬಜ್ಪೆ ನಿಲ್ದಾಣದ ಪ್ರಾರಂಭಕ್ಕಾಗಿ ಪ್ರಧಾನಿ ಜವಾಹರಲಾಲ್ ನೆಹರೂ ಅವರು ಬಂದಿಳಿದುದೂ ಒಂದು ಡಕೋಟಾದಲ್ಲಿಯೇ. ಘಟ್ಟವನ್ನು ಬಸ್ಸಿನಲ್ಲಿ ಸುತ್ತಿ ಸುತ್ತಿ ಏರಬೇಕಾಗಿದ್ದ ಊರಿಗೆ ಯುದ್ಧದ ಮನೆತನದ ವಿಮಾನವೇ ಆಕಾಶದ ದಾರಿಯನ್ನು ತೆರೆಯಿತು.

ಅದೇ ವರ್ಷದ ಆಗಸ್ಟಿನಲ್ಲಿ ಡಾ. ವಿ. ಎಂ. ಘಾಟಗೆಯವರ ಮಾರ್ಗದರ್ಶನದಲ್ಲಿ ರೂಪುಗೊಂಡ ಎಚ್.ಟಿ.-2 ಎಂಬ ತರಬೇತಿ ವಿಮಾನವು ಹಾರಿತು. ಬೇರೆಯವರ ನಕ್ಷೆಯಿಂದ ಜೋಡಿಸಿದುದಲ್ಲ, ನಮ್ಮವರೇ ಯೋಚಿಸಿ ಕಟ್ಟಿದುದು. ಧೈರ್ಯ ಹೆಚ್ಚಿತು. 1956ರಲ್ಲಿ ಜರ್ಮನಿಯ ಪ್ರಖ್ಯಾತ ವಿಮಾನಶಿಲ್ಪಿ ಕುರ್ಟ್ ಟ್ಯಾಂಕ್ ಬೆಂಗಳೂರಿಗೆ ಬಂದರು. ಅವರ ನೇತೃತ್ವದಲ್ಲಿ ತಯಾರಾದ 'ಮಾರುತ' ಎಂಬ ಜೆಟ್ ಯುದ್ಧವಿಮಾನವನ್ನು 1961ರ ಜೂನಿನಲ್ಲಿ ವಿಂಗ್ ಕಮಾಂಡರ್ ಸುರಂಜನ್ ದಾಸ್ ಅವರು ಹಾರಿಸಿದರು. ಒಟ್ಟು 147 ಮಾರುತಗಳು ನಿರ್ಮಾಣವಾದುವು. 1971ರ ಯುದ್ಧದಲ್ಲಿ ರಾಜಸ್ಥಾನದ ಗಡಿಯಲ್ಲಿ ಕಾದಾಡಿದುವು. ಆದರೂ ಮಾರುತವು ತನ್ನ ಹೆಸರಿಗೆ ತಕ್ಕ ವೇಗವನ್ನು ಎಂದಿಗೂ ಪಡೆಯಲಿಲ್ಲ. ಶಬ್ದದ ವೇಗದ ಎರಡರಷ್ಟು ವೇಗಕ್ಕೆಂದು ರಚಿಸಿದ ಶರೀರ ಅದರದು. ಅದಕ್ಕೆ ತಕ್ಕ ಇಂಜಿನು ಯಾವ ದೇಶದಿಂದಲೂ ದೊರಕಲಿಲ್ಲ. ಸಣ್ಣ ನ್ಯಾಟ್ ವಿಮಾನಕ್ಕೆಂದು ಇದ್ದ ಇಂಜಿನುಗಳನ್ನೇ ಎರಡು ಕೂಡಿಸಿ ಕೆಲಸ ಸಾಗಿಸಬೇಕಾಯಿತು. ಕುದುರೆಯ ಮೈಗೆ ಕತ್ತೆಯ ಕಾಲು ಎಂಬಂತೆ ಆಯಿತು. ಸುರಂಜನ್ ದಾಸ್ ಅವರು 1970ರ ಜನವರಿಯಲ್ಲಿ ಸುಧಾರಿಸಿದ ಮಾರುತವೊಂದನ್ನು ಪರೀಕ್ಷಿಸುತ್ತಿದ್ದಾಗಲೇ ಬೆಂಗಳೂರಿನಲ್ಲಿ ಅಸುನೀಗಿದರು. ಅವರ ಹೆಸರಿನ ರಸ್ತೆ ಆ ನಗರದಲ್ಲಿದೆ.

ಮಾರುತವನ್ನು ಕಟ್ಟಿದ ಮೇಲೆ ಅದರ ಮುಂದಿನ ವಿಮಾನವನ್ನು ತಕ್ಷಣವೇ ಕೈಗೆತ್ತಿಕೊಳ್ಳಲಿಲ್ಲ. ಕಲಿತ ತಂಡವು ಚೆದರಿಹೋಯಿತು. ನಮ್ಮದೇ ಇನ್ನೊಂದು ಯುದ್ಧವಿಮಾನವಾದ ತೇಜಸ್ ಬೆಂಗಳೂರಿನ ಆಕಾಶಕ್ಕೆ ಏರಿದುದು 2001ರ ಜನವರಿ 4ರಂದು, ಅಂದರೆ ನಲ್ವತ್ತು ವರ್ಷಗಳ ಮೇಲೆ. ಅದರ ಇಂಜಿನೂ ಅಮೆರಿಕದ್ದೇ. ರಾಕೆಟ್ಟಿನ ಕಮ್ಮಾರರಿಗೆ ಶಾಲೆಯಿರಲಿಲ್ಲ. ಮಾರುತದ ಶಿಲ್ಪಿಗಳಿಗೆ ಶಾಲೆಯಿತ್ತು, ಆದರೆ ಪಾಠವು ನಡುವೆ ನಿಂತಿತು.

ಇನ್ನು ಗೂಢಚರ್ಯೆಯ ಮಾತು. ಮನುಷ್ಯನು ಆಕಾಶಕ್ಕೆ ಏರಿದಾಗ ಸೈನ್ಯವು ಅವನಿಗೆ ಕೊಟ್ಟ ಮೊದಲ ಕೆಲಸವು ಕೊಲ್ಲುವುದಲ್ಲ, ನೋಡುವುದು. 1794ರಲ್ಲಿಯೇ ಫ್ರೆಂಚರು ಬೆಲೂನಿನಲ್ಲಿ ಕುಳಿತು ಶತ್ರುವಿನ ಸೈನ್ಯವನ್ನು ವೀಕ್ಷಿಸಿದ್ದರು. ಒಂದನೆಯ ಮಹಾಯುದ್ಧದ ವಿಮಾನಗಳು ಕ್ಯಾಮೆರಾ ಹೊತ್ತು ಕಂದಕಗಳ ಚಿತ್ರ ತೆಗೆದುವು. ಬಳಿಕ ಅಮೆರಿಕದವರು 21 ಕಿಲೋಮೀಟರ್ ಎತ್ತರದಲ್ಲಿ ಹಾರಬಲ್ಲ ಯು-2 ಎಂಬ ಗೂಢಚಾರ ವಿಮಾನವನ್ನು ಮಾಡಿದರು. ಅಷ್ಟು ಮೇಲೆ ಯಾರ ಕೈಗೂ ಸಿಕ್ಕುವುದಿಲ್ಲವೆಂದು ಅವರು ನಂಬಿದ್ದರು. ಆದರೆ 1960ರ ಮೇ 1ರಂದು ಸೋವಿಯತ್ ರಷ್ಯಾದವರು ಒಂದನ್ನು ಹೊಡೆದುರುಳಿಸಿ, ಅದರ ಚಾಲಕ ಪವರ್ಸ್ ಎಂಬಾತನನ್ನು ಜೀವಂತವಾಗಿ ಹಿಡಿದರು. ನಮ್ಮ ದೇಶವೂ ಈ ಆಟದಿಂದ ಪೂರ್ತಿ ಹೊರಗಿರಲಿಲ್ಲ. 1962ರ ಚೀನಾ ಯುದ್ಧದ ತರುವಾಯ, 1964ರಲ್ಲಿ, ಯು-2 ವಿಮಾನಗಳು ಒಡಿಶಾದ ಚಾರ್ಬಾಟಿಯಾ ನೆಲೆಯನ್ನು ಉಪಯೋಗಿಸಿದುವೆಂಬುದು 2013ರಲ್ಲಿ ಬಹಿರಂಗವಾದ ಅಮೆರಿಕದ ದಾಖಲೆಗಳಿಂದ ತಿಳಿದುಬಂದಿತು.

ಪವರ್ಸ್ ಸಿಕ್ಕಿಬಿದ್ದ ವರ್ಷದ ಆಗಸ್ಟಿನಲ್ಲಿಯೇ ಅಮೆರಿಕದವರು ಉಪಗ್ರಹದಿಂದ ಚಿತ್ರ ತೆಗೆಯಲು ಸಮರ್ಥರಾದರು. ಆಗಿನ ಕ್ಯಾಮೆರಾಗಳಲ್ಲಿ ಫಿಲ್ಮು ಇರುತ್ತಿತ್ತು; ಆ ಫಿಲ್ಮಿನ ಡಬ್ಬಿಯನ್ನು ಉಪಗ್ರಹವು ಕೆಳಕ್ಕೆ ಎಸೆಯುತ್ತಿತ್ತು, ಪ್ಯಾರಾಶೂಟಿನಲ್ಲಿ ಇಳಿಯುತ್ತಿದ್ದ ಡಬ್ಬಿಯನ್ನು ವಿಮಾನವೊಂದು ಗಾಳಿಯಲ್ಲಿಯೇ ಕೊಕ್ಕೆ ಹಾಕಿ ಹಿಡಿಯುತ್ತಿತ್ತು! ಉಪಗ್ರಹಕ್ಕಿರುವ ಅನುಕೂಲವೇನೆಂದರೆ ಅದು ಯಾವ ದೇಶದ ಗಾಳಿಯನ್ನೂ ಮುಟ್ಟುವುದಿಲ್ಲ. ಸೆಕೆಂಡಿಗೆ ಸುಮಾರು ಎಂಟು ಕಿಲೋಮೀಟರ್ ವೇಗದಲ್ಲಿ ಅಡ್ಡಲಾಗಿ ಎಸೆಯಲ್ಪಟ್ಟ ವಸ್ತುವು ಭೂಮಿಯ ಕಡೆಗೆ ಬೀಳುತ್ತಲೇ ಇರುತ್ತದೆ. ಆದರೆ ಭೂಮಿಯು ಗೋಲಾಕಾರವಾಗಿರುವುದರಿಂದ ನೆಲವೂ ಅಷ್ಟೇ ಬಾಗುತ್ತಾ ಹೋಗಿ, ಆ ಬೀಳುವಿಕೆ ಮುಗಿಯುವುದೇ ಇಲ್ಲ. ಉಪಗ್ರಹವೆಂದರೆ ಕೊನೆಯಿಲ್ಲದೆ ಬೀಳುತ್ತಿರುವ ವಸ್ತು ಎಂದರೆ ತಪ್ಪಾಗಲಾರದು.

ಇಲ್ಲಿಂದ ಮೂರನೆಯ ಅಧ್ಯಾಯ, ಮತ್ತು ಇದರ ನಾಯಕರು ನಮ್ಮ ಕರಾವಳಿಯವರೇ. ಉಡುಪಿಯ ಸಮೀಪದ ಅದಮಾರು ಎಂಬ ಹಳ್ಳಿಯಲ್ಲಿ 1932ರ ಮಾರ್ಚ್ 10ರಂದು ಉಡುಪಿ ರಾಮಚಂದ್ರ ರಾಯರು ಜನಿಸಿದರು. ಅದಮಾರಿನಲ್ಲಿ ಅಕ್ಷರ ಕಲಿತು, ಉಡುಪಿಯ ಕ್ರಿಶ್ಚಿಯನ್ ಹೈಸ್ಕೂಲಿನಲ್ಲಿ ಓದಿ, ಅನಂತಪುರದ ಸರ್ಕಾರಿ ಕಾಲೇಜಿನಲ್ಲಿ ಬಿ.ಎಸ್‌ಸಿ. ಮುಗಿಸಿದರು. ಸರ್ಕಾರಿ ಕಾಲೇಜು ಎಂಬ ಮಾತನ್ನು ನಾವು ಗಮನಿಸಬೇಕು. ಅನಂತರ ಕಾಶಿ, ಅಹಮದಾಬಾದು, ಅಮೆರಿಕ. ಅಲ್ಲಿ ಅಂತರಿಕ್ಷದ ಕಿರಣಗಳನ್ನು ಕುರಿತು ಸಂಶೋಧನೆ ನಡೆಸಿ, 1966ರಲ್ಲಿ ಭಾರತಕ್ಕೆ ಹಿಂದಿರುಗಿದರು. ಭಾರತದ ಮೊದಲ ಉಪಗ್ರಹವನ್ನು ಕಟ್ಟುವ ಹೊಣೆ ಅವರ ಮೇಲೆ ಬಿದ್ದಾಗ ಬೆಂಗಳೂರಿನ ಪೀಣ್ಯದಲ್ಲಿದ್ದುದು ಶೀಟು ಹೊದಿಸಿದ ಕೆಲವು ಶೆಡ್ಡುಗಳು ಮಾತ್ರ. ಬೆಂಗಳೂರನ್ನೇ ಆರಿಸಿದುದಕ್ಕೆ ಕಾರಣ ಸ್ಪಷ್ಟ: ವಿಮಾನದ ಕಾರ್ಖಾನೆ, ವಿಜ್ಞಾನ ಸಂಸ್ಥೆ, ನುರಿತ ಕೆಲಸಗಾರರು ಎಲ್ಲವೂ ಅಲ್ಲಿ ಒಟ್ಟಿಗೆ ಇದ್ದುವು. ಯುದ್ಧವು ಕಟ್ಟಿದ ಮನೆಯಲ್ಲಿ ಶಾಂತಿಯ ಮಗು ಹುಟ್ಟಿತು. 360 ಕಿಲೋಗ್ರಾಂ ತೂಕದ ಆರ್ಯಭಟವು 1975ರ ಏಪ್ರಿಲ್ 19ರಂದು ಸೋವಿಯತ್ ರಾಕೆಟ್ಟಿನ ಮೇಲೆ ಏರಿ ಕಕ್ಷೆಯನ್ನು ಸೇರಿತು. ಅದರ ಚಿತ್ರವು ಎರಡು ರೂಪಾಯಿಯ ನೋಟಿನ ಮೇಲೆ ಮುದ್ರಿತವಾಗಿ ಹಳ್ಳಿಹಳ್ಳಿಯ ಜೇಬುಗಳನ್ನು ಸೇರಿತು.

ಕೆಲವೇ ದಿನಗಳಲ್ಲಿ ಆರ್ಯಭಟದ ವಿದ್ಯುತ್ ವ್ಯವಸ್ಥೆಯಲ್ಲಿ ದೋಷವುಂಟಾಗಿ ಅದರ ಪ್ರಯೋಗಗಳು ನಿಂತುಹೋದುವು. ಆದರೆ ಈ ಬಾರಿ ತಂಡವು ಚೆದರಲಿಲ್ಲ. ಅದೇ ಜನರು, ಅದೇ ಶೆಡ್ಡುಗಳಲ್ಲಿ, ತಪ್ಪನ್ನು ಹುಡುಕಿ ಮುಂದಿನದನ್ನು ಕಟ್ಟಿದರು. 1979ರಲ್ಲಿ ಭಾಸ್ಕರ, 1981ರಲ್ಲಿ ಆ್ಯಪಲ್. ಈ ಆ್ಯಪಲ್ ಉಪಗ್ರಹವನ್ನು ಎತ್ತಿನ ಗಾಡಿಯ ಮೇಲಿಟ್ಟ ಚಿತ್ರವನ್ನು ಹಲವರು ನೋಡಿರಬಹುದು, ನಕ್ಕಿರಲೂಬಹುದು. ಅದು ಬಡತನದ ಗುರುತಲ್ಲ. ಲೋಹದ ವಾಹನವು ರೇಡಿಯೋ ಅಲೆಗಳನ್ನು ಪ್ರತಿಫಲಿಸಿ ಪರೀಕ್ಷೆಯನ್ನು ಕೆಡಿಸುವುದರಿಂದ, ಮರದ ಗಾಡಿಯನ್ನು ಬುದ್ಧಿಪೂರ್ವಕವಾಗಿ ಆರಿಸಿದ್ದರು. ರಾಯರು 1984ರಿಂದ 1994ರವರೆಗೆ ಇಸ್ರೋದ ಅಧ್ಯಕ್ಷರಾಗಿದ್ದು, 2017ರಲ್ಲಿ ತೀರಿಕೊಂಡರು. ಬೆಂಗಳೂರಿನ ಉಪಗ್ರಹ ಕೇಂದ್ರಕ್ಕೆ ಇಂದು ಅವರ ಹೆಸರಿದೆ.

ಆ ಕೇಂದ್ರದ ಉಪಗ್ರಹಗಳ ಕಣ್ಣು ಹೇಗೆ ಹರಿತವಾಯಿತೆಂಬುದನ್ನು ಸ್ವಲ್ಪ ನೋಡೋಣ. ಉಪಗ್ರಹದ ಚಿತ್ರವು ಚುಕ್ಕೆಗಳಿಂದ ಆಗಿರುತ್ತದೆ. ಒಂದು ಚುಕ್ಕೆಯು ನೆಲದ ಮೇಲೆ ಎಷ್ಟು ಅಗಲವೋ ಅದಕ್ಕಿಂತ ಚಿಕ್ಕ ವಸ್ತು ಬೇರೆಯಾಗಿ ಕಾಣದು. ಭಾಸ್ಕರದ ಟೆಲಿವಿಷನ್ ಕ್ಯಾಮೆರಾದಲ್ಲಿ ಒಂದು ಚುಕ್ಕೆ ಎಂದರೆ ಸುಮಾರು ಒಂದು ಕಿಲೋಮೀಟರ್. ಅದಕ್ಕೆ ನಮ್ಮ ನೆಹರೂ ಮೈದಾನವು ಕಾಣುವಂತಿರಲಿಲ್ಲ. 1988ರ ಐ.ಆರ್.ಎಸ್.-1ಎ ಉಪಗ್ರಹದ ಉತ್ತಮ ಕ್ಯಾಮೆರಾಕ್ಕೆ ಅದು 36 ಮೀಟರ್. ಮೈದಾನವು ಕೆಲವು ಚುಕ್ಕೆಗಳಾಗಿ ಕಂಡಿತು. 1995ರ ಐ.ಆರ್.ಎಸ್.-1ಸಿ ಉಪಗ್ರಹಕ್ಕೆ 5.8 ಮೀಟರ್, ಸುತ್ತಲ ರಸ್ತೆಗಳು ಕಂಡುವು. 2001ರಲ್ಲಿ ಒಂದು ಮೀಟರ್. ರಸ್ತೆಯ ಮೇಲಿನ ಕಾರುಗಳು ಕಂಡುವು. 2019ರ ಕಾರ್ಟೋಸ್ಯಾಟ್-3 ಉಪಗ್ರಹಕ್ಕೆ ಕಾಲು ಮೀಟರಿನಷ್ಟು. ಪೈರನ್ನು ಅಳೆಯುವ ಕಣ್ಣು, ನಗರದ ನಕ್ಷೆ ಬರೆಯುವ ಕಣ್ಣು, ಗಡಿಯಾಚೆಯ ಟ್ಯಾಂಕುಗಳನ್ನು ಎಣಿಸುವ ಕಣ್ಣು ಬೇರೆ ಬೇರೆಯಲ್ಲ. ಕಣ್ಣು ಒಂದೇ, ಅದನ್ನು ಎಲ್ಲಿಗೆ ತಿರುಗಿಸಬೇಕೆಂದು ಹೇಳುವವನು ಮನುಷ್ಯನು. ಈ ಮಾತು ಬಂದಲ್ಲಿ ಯಂತ್ರಶಿಲ್ಪಿಯ ಕೆಲಸ ಮುಗಿದು, ಚರಿತ್ರೆ, ರಾಜ್ಯಶಾಸ್ತ್ರ, ನೀತಿಶಾಸ್ತ್ರಗಳನ್ನು ಓದಿದವರ ಕೆಲಸ ಆರಂಭವಾಗುತ್ತದೆ.

ನಮ್ಮ ದಕ್ಕೆಯ ಉದಾಹರಣೆಯನ್ನೇ ಕೊಡುತ್ತೇನೆ. ನನ್ನ ತಂದೆಯವರು ಬೋಟಿನಲ್ಲಿ ದುಡಿಯುವವರು, ನಾಲ್ಕನೆಯ ತರಗತಿಗಿಂತ ಮುಂದೆ ಓದಿದವರಲ್ಲ. ನೀರಿನ ಬಣ್ಣ ಹಸಿರಿಗೆ ತಿರುಗಿದಲ್ಲಿ, ಕೈಗೆ ತಣ್ಣಗೆ ತಾಗಿದಲ್ಲಿ ಬೂತಾಯಿ, ಬಂಗುಡೆಗಳಿರುತ್ತವೆಂದು ಅವರಿಗೆ ಗೊತ್ತು. ಅದೇ ಎರಡು ಸಂಗತಿಗಳನ್ನು ಉಪಗ್ರಹಗಳೂ ಅಳೆಯುತ್ತವೆ. ಸಮುದ್ರದ ಮೇಲ್ಮೈಯ ಉಷ್ಣತೆ ಒಂದು. ಕಣ್ಣಿಗೆ ಕಾಣದ ಸಣ್ಣ ಸಸ್ಯಗಳಿಂದ ನೀರಿಗೆ ಬರುವ ಹಸಿರು ಇನ್ನೊಂದು. ಆ ಸಸ್ಯಗಳಿರುವಲ್ಲಿ ಅವನ್ನು ತಿನ್ನುವ ಜೀವಿಗಳು, ಅವುಗಳಿರುವಲ್ಲಿ ಮೀನು. 1999ರ ಓಷನ್‌ಸ್ಯಾಟ್‌ನಿಂದ ಮೊದಲ್ಗೊಂಡು ಈ ಕೆಲಸಕ್ಕೆ ನಮ್ಮದೇ ಉಪಗ್ರಹಗಳಿವೆ. ಹೈದರಾಬಾದಿನ ಸಾಗರ ಮಾಹಿತಿ ಕೇಂದ್ರವು ಅವುಗಳಿಂದ ಮೀನು ಸಿಗಬಹುದಾದ ಜಾಗಗಳನ್ನು ಗುರುತಿಸಿ ಬಂದರುಗಳಿಗೆ ತಿಳಿಸುತ್ತದೆ. ಮೋಡ ಮುಚ್ಚಿದಾಗ ಈ ಕಣ್ಣಿಗೆ ಕಾಣದು. ಆಗ ಹಳಬರ ಅನುಭವವೇ ಗತಿ. ತಂದೆಯವರ ವಿದ್ಯೆ ಸುಳ್ಳೆಂದು ಉಪಗ್ರಹವು ಹೇಳಲಿಲ್ಲ, ನಿಜವೆಂದು ಹೇಳಿತು. ಆದರೆ ತಂದೆಯವರ ವಿದ್ಯೆ ಒಂದು ಬೋಟಿಗೆ ಮಾತ್ರ ದಾರಿ ತೋರುತ್ತಿತ್ತು. ಅಳತೆಗೆ ಇಳಿದ ವಿದ್ಯೆ ಇಡೀ ಕರಾವಳಿಗೆ ತೋರುತ್ತದೆ. ಬೋಟಿನಲ್ಲಿರುವ ಜಿ.ಪಿ.ಎಸ್. ಯಂತ್ರವೂ ಹಾಗೆಯೇ. ಅದು ಅಮೆರಿಕದ ಸೈನ್ಯಕ್ಕಾಗಿ ಹುಟ್ಟಿದುದು. 2000ದ ಮೇ ತಿಂಗಳವರೆಗೆ ಇತರರಿಗೆ ಅದರ ನಿಖರತೆಯನ್ನು ಬೇಕೆಂದೇ ಕಡಮೆ ಮಾಡಲಾಗಿತ್ತು. ಪರರ ಕೀಲಿಕೈಯನ್ನು ನಂಬಿ ಇರಲಾಗದೆಂದೇ ನಮ್ಮವರು 2013ರಿಂದ ನಾವಿಕ್ ಉಪಗ್ರಹಗಳನ್ನು ಹಾರಿಸಿದರು. 2021ರ ಮೇ ತಿಂಗಳಲ್ಲಿ ತೌಕ್ತೆ ಚಂಡಮಾರುತವು ನಮ್ಮ ತೀರದ ಪಕ್ಕದಲ್ಲಿ ಸಾಗಿದಾಗ, 36,000 ಕಿಲೋಮೀಟರ್ ಎತ್ತರದಿಂದ ಅದನ್ನು ನೋಡುತ್ತಿದ್ದ ಇನ್ಸಾಟ್ ಉಪಗ್ರಹಗಳ ಆಡಳಿತವು ನಡೆಯುತ್ತಿದ್ದುದು ನಮ್ಮ ಘಟ್ಟದ ಮೇಲಿನ ಹಾಸನದಿಂದ.

ಚಂದ್ರನ ಮಾತನ್ನು ಹೇಳದೆ ಈ ಕಥೆ ಪೂರ್ತಿಯಾಗದು. 2008ರ ಚಂದ್ರಯಾನ-1ರ ಉಪಕರಣಗಳು ಚಂದ್ರನ ಮೇಲೆ ನೀರಿನ ಅಂಶವಿರುವುದನ್ನು ಗುರುತಿಸಿದುವು. ಅದರ ಸಂದೇಶಗಳನ್ನು ಕೇಳುವುದಕ್ಕಾಗಿ ಬೆಂಗಳೂರಿನ ಹತ್ತಿರದ ಬ್ಯಾಲಾಳು ಗ್ರಾಮದಲ್ಲಿ 32 ಮೀಟರ್ ಅಗಲದ ಆಂಟೆನಾ ಎದ್ದುನಿಂತಿತು. 2019ರ ಸೆಪ್ಟೆಂಬರಿನಲ್ಲಿ ಚಂದ್ರಯಾನ-2ರ ಲ್ಯಾಂಡರ್ ಇಳಿಯುವಾಗ ನೆಲಕ್ಕೆ ಅಪ್ಪಳಿಸಿತು. ದೇಶಕ್ಕೆ ದೇಶವೇ ಮರುಗಿತು. ಆದರೆ ನಾಲ್ಕೇ ವರ್ಷಗಳಲ್ಲಿ ಅದೇ ಸಂಸ್ಥೆಯು ಕಾಲುಗಳನ್ನು ಗಟ್ಟಿ ಮಾಡಿ, ಇಂಧನವನ್ನು ಹೆಚ್ಚಿಸಿ, ಇಳಿಯುವ ಜಾಗವನ್ನು ಅರ್ಧ ಕಿಲೋಮೀಟರ್ ಚೌಕದಿಂದ ನಾಲ್ಕು ಕಿಲೋಮೀಟರ್ ಉದ್ದ, ಎರಡೂವರೆ ಕಿಲೋಮೀಟರಿನಷ್ಟು ಅಗಲಕ್ಕೆ ಹಿಗ್ಗಿಸಿ, 2023ರ ಆಗಸ್ಟ್ 23ರಂದು ಚಂದ್ರಯಾನ-3ನ್ನು ದಕ್ಷಿಣ ಧ್ರುವದ ಸಮೀಪ ಮೆಲ್ಲನೆ ಇಳಿಸಿತು. ಮಾರುತಕ್ಕೆ ದೊರಕದ ಎರಡನೆಯ ಅವಕಾಶವು ವಿಕ್ರಮನಿಗೆ ದೊರಕಿತು. ಎರಡು ಕಥೆಗಳಿಗೂ ಇರುವ ಅಂತರ ಇಷ್ಟೇ.

ಇಷ್ಟೆಲ್ಲ ಹಣವನ್ನು ಆಕಾಶಕ್ಕೆ ಸುರಿಯುವ ಬದಲು ಬಡವರಿಗೆ ಅನ್ನ ಕೊಡಬಾರದೇ ಎಂಬ ವಾದವುಂಟು. ಅದು ತಳ್ಳಿಹಾಕುವ ವಾದವಲ್ಲ. ಬಡತನದಲ್ಲಿ ಬೆಳೆದವರು ಅದನ್ನು ಹಗುರವಾಗಿ ಕಾಣಲಾರರು. ಮಂಗಳಯಾನಕ್ಕೆ ಸುಮಾರು 450 ಕೋಟಿ ರೂಪಾಯಿ ತಗಲಿತು. ಆದರೆ ಬಿರುಗಾಳಿಯ ಮುನ್ಸೂಚನೆ ತಲುಪದೆ ಕಡಲಿಗೆ ಹೋದ ಬೋಟು ಬಡವನದೇ ಆಗಿರುತ್ತದೆ. ಆದುದರಿಂದ 'ಆಕಾಶವೋ ಅನ್ನವೋ' ಎಂದು ಕೇಳುವುದಕ್ಕಿಂತ, ಆಕಾಶದ ವಿದ್ಯೆಯಿಂದ ಯಾರ ಅನ್ನಕ್ಕೆ ಏನು ಬಂದಿತು ಎಂದು ಪ್ರತಿವರ್ಷವೂ ಲೆಕ್ಕ ಕೇಳುವುದು ಮೇಲು. ಆ ಲೆಕ್ಕವನ್ನು ಕೇಳುವುದಕ್ಕೆ ಓದಿದ ಪ್ರಜೆಗಳು ಬೇಕು.

ನಗರದ ಬಾವಿಯಲ್ಲಿ ಇನ್ನೂರು ವರ್ಷಗಳಿಗೂ ಹೆಚ್ಚು ಕಾಲ ಕೆಸರಿನಲ್ಲಿ ಹುದುಗಿದ್ದ ರಾಕೆಟ್ಟುಗಳು ನಮಗೊಂದು ಎಚ್ಚರಿಕೆ. ಅವನ್ನು ಮಾಡಿದ ಕೈಗಳು ಅಸಾಧಾರಣವಾದುವು. ಆದರೆ ಆ ಕಮ್ಮಾರರಲ್ಲಿ ಒಬ್ಬನ ಹೆಸರೂ ನಮಗೆ ತಿಳಿಯದು. ಇಂದು ನಮ್ಮಲ್ಲಿ ಅನೇಕರು ತಮ್ಮ ಮನೆಯಲ್ಲಿ ಕಾಲೇಜಿನ ಮೆಟ್ಟಿಲು ಹತ್ತಿದ ಮೊದಲಿಗರು. ನಮ್ಮ ಹಿರಿಯರ ಕೈಯಲ್ಲಿ ಕಡಲಿನ, ಹೊಲದ, ಮಗ್ಗದ, ಕುಲುಮೆಯ ವಿದ್ಯೆಗಳಿವೆ. ಅವನ್ನು ಕೇಳಿ, ಬರೆದಿಟ್ಟು, ಅಳತೆಗೆ ಇಳಿಸಿ ಮುಂದಿನವರಿಗೆ ದಾಟಿಸುವ ಕೆಲಸಕ್ಕೆ ಉಪಗ್ರಹ ಕೇಂದ್ರವೇ ಬೇಕೆಂದಿಲ್ಲ. ಒಂದು ನೋಟುಪುಸ್ತಕವೂ ತಾಳ್ಮೆಯೂ ಇದ್ದರೆ ಸಾಕು. ಬಿಡುವಿದ್ದವರು ಪಿಲಿಕುಳದಲ್ಲಿ 2018ರಲ್ಲಿ ತೆರೆದ ತಾರಾಲಯಕ್ಕೆ ಒಮ್ಮೆ ಹೋಗಿ ಬರಲಿ. ಹಿಂದಿರುಗುವಾಗ ಸುಲ್ತಾನ್ ಬತ್ತೇರಿಯ ಮೆಟ್ಟಿಲನ್ನೂ ಹತ್ತಲಿ. ಎರಡಕ್ಕೂ ನಡುವೆ ಇರುವ ದಾರಿ ಕೆಲವೇ ಮೈಲುಗಳದು. ಆದರೆ ಅದನ್ನು ನಡೆಯಲು ನಮ್ಮ ನಾಡಿಗೆ ಎರಡು ಶತಮಾನಗಳು ಬೇಕಾದುವು.